ಒಣ ಕಣಿವೆಯ ಮರದ ಸೇತುವೆ

ಸೊಸೆ ತನ್ನನ್ನು ಕೊಲ್ಲುವುದಕ್ಕೇ ಕರೆದೊಯ್ಯುತ್ತಿದ್ದಾಳೆ ಎಂಬುದರಲ್ಲಿ ಅಲಮೇಲಮ್ಮನಿಗೆ ಎಳ್ಳಷ್ಟೂ ಅನುಮಾನ ಉಳಿದಿರಲಿಲ್ಲ.

ಕಾರು ಅಮೇರಿಕಾದ ಸಮಾಮಿಶ್ ಊರು ಬಿಟ್ಟು, ಘಟ್ಟ ಹತ್ತಿ ಇಳಿದಾಗಿತ್ತು. ಹಸಿರೆಲ್ಲ ಬೆನ್ನ ಹಿಂದೆ ಹೋಯಿತು. ಈಗ ಕಣ್ಣು ಹಾಯಿಸಿದಷ್ಟು ದೂರಕ್ಕೂ ಬೂದು ಬಣ್ಣದ ಕುರುಚಲು, ಕಾದ ಮಣ್ಣು. ಗಂಟಲು ಹರಿದುಕೊಂಡರೂ ಕೇಳುವವರಿಲ್ಲ.

ಗುರುವಾರ ಅಡುಗೆಮನೆಯಲ್ಲಿ ಯಾಮಿನಿ ಫೋನಿನಲ್ಲಿ ಗೆಳತಿಗೆ ಹೇಳುತ್ತಿದ್ದುದು ಕಿವಿಗೆ ಬಿದ್ದಿತ್ತು. "ಶನಿವಾರ ಆ ಬ್ರಿಡ್ಜ್ ಒಂದು ಮುಗಿದ್ರೆ ಸಾಕು ಕವನಾ. ಆಮೇಲೆ ಈ ಮನೇಲಿ ನೆಮ್ಮದಿಯಾಗಿ ನಿದ್ದೆ ಮಾಡ್ತೀನಿ."

ಮನೆಯಲ್ಲಿ ಇರುವುದೇ ಮೂವರು. ಸೊಸೆಯ ನಿದ್ದೆ ಕೆಡಿಸುವುದು ಅತ್ತೆಯಲ್ಲದೆ ಮತ್ತಾರು?

ಹಳೆಯ ಹೆದ್ದಾರಿಯ ಮರದ ಸೇತುವೆಗಳೆಂದರೆ ಮಗ ಲಕ್ಷ್ಮೀಕಾಂತನಿಗೆ ಹುಚ್ಚು. ವಾಹನಗಳೆಲ್ಲ ಹೊಸ ರಸ್ತೆ ಹಿಡಿದ ಮೇಲೆ ಈ ಮರಳುಗಾಡಿನಲ್ಲಿ ದಿಕ್ಕಿಲ್ಲದೆ ನಿಂತವನ್ನು ಹುಡುಕಿ ಹುಡುಕಿ ಫೋಟೋ ತೆಗೆಯುತ್ತಿದ್ದ. ಆದರೆ ಈ ಸಲದ ಸೇತುವೆಯನ್ನು ಹುಡುಕಿಕೊಟ್ಟವಳು ಯಾಮಿನಿ. ಎಂದೂ ಇಲ್ಲದ ಉತ್ಸಾಹ! ಸಾಲದ್ದಕ್ಕೆ, "ನೀವೂ ಬರಲೇಬೇಕು ಅತ್ತೆ. ನೀವು ನೋಡ್ಲಿಲ್ಲ ಅಂದ್ರೆ ನನಗೆ ಸಮಾಧಾನವೇ ಆಗಲ್ಲ" ಎಂಬ ಒತ್ತಾಯ ಬೇರೆ.

ದ್ವೇಷಕ್ಕೆ ಕಾರಣವೂ ಇತ್ತು. ಯುಗಾದಿ ಕಳೆದ ವಾರ, ಲಕ್ಷ್ಮೀಕಾಂತ ಆಫೀಸಿಗೆಂದು ಹೊಸ್ತಿಲು ದಾಟಿದ್ದ. ಇವಳು ಓಡಿಬಂದು ಬೆನ್ನ ಹಿಂದಿನಿಂದ "ರೀ, ನಿಮ್ಮ ಬ್ಯಾಡ್ಜು!" ಎಂದು ಕೂಗಿಬಿಟ್ಟಳು. ಅವತ್ತೇ ಅವನಿಗೆ ಬರಬೇಕಿದ್ದ ಪ್ರಮೋಷನ್ ಬೇರೊಬ್ಬನ ಪಾಲಾಯಿತು. ಸಂಜೆ ಕೋಣೆಯೊಳಗಿಂದ ಸದ್ದು ಕೇಳಿತು. ಅಲಮೇಲಮ್ಮ ಟಿವಿಯ ದನಿ ಏರಿಸಿಕೊಂಡಳು. ಅವನ ಕೈ ಸ್ವಲ್ಪ ಮುಂದು. ಅವನಪ್ಪನದೂ ಹಾಗೇ ಇತ್ತು.

ಮರುದಿನ ಬುದ್ಧಿ ಹೇಳಿದ್ದಳು. "ತಪ್ಪು ನಿಂದೇ ಕಣೆ. ಹೊರಟವರನ್ನ ಹಿಂದಿನಿಂದ ಕೂಗಬಾರದು ಅಂತ ಎಷ್ಟು ಸಲ ಬಡ್ಕೊಂಡಿದೀನಿ?"

"ಏನೇ ಆದ್ರೂ ಕೂಗಬಾರದಾ ಅತ್ತೆ?"

"ಮನೆಗೆ ಬೆಂಕಿ ಬಿದ್ರೂ ಕೂಗಬಾರದು. ಬಾಯಿ ಕಟ್ಟಿಕೊಂಡಿರೋದು ಕಲಿ."

ಗಂಡ ಹೊಡೆದದ್ದನ್ನು ಹೆಣ್ಣು ಮರೆತುಬಿಡುತ್ತಾಳೆ, ಅತ್ತೆ ಆಡಿದ್ದನ್ನು ಸಾಯುವತನಕ ಮರೆಯುವುದಿಲ್ಲ. ಅಲಮೇಲಮ್ಮ ತನ್ನ ಬದುಕಿನಿಂದಲೇ ಬಲ್ಲ ಮಾತು ಅದು.

ಸೇತುವೆ ಬಂತು. ಲಕ್ಷ್ಮೀಕಾಂತ ಡಿಕ್ಕಿ ತೆಗೆದು ಕ್ಯಾಮೆರಾ ಜೋಡಿಸತೊಡಗಿದ. ಯಾಮಿನಿ ಜಮಖಾನ ಬಗಲಿಗಿಟ್ಟುಕೊಂಡು "ಕೂರೋಕೆ ಜಾಗ ನೋಡ್ತೀನಿ" ಎಂದು ಮುಂದೆ ನಡೆದಳು. ಅಲಮೇಲಮ್ಮ ಮೊಣಕಾಲು ಹಿಡಿದುಕೊಂಡು ತಲುಪುವಷ್ಟರಲ್ಲಿ ಸೇತುವೆಯ ಬಾಯಿಯಲ್ಲೇ ಜಮಖಾನ ಹಾಸಿಯಾಗಿತ್ತು.

ಕೂತ ಕೂಡಲೇ ಅಡಿಯಲ್ಲಿ ಟಕ್ ಎಂದಿತು.

"ಏನೇ ಇದು, ತಗಡು?"

"ಮುಳ್ಳು ಚುಚ್ಚಬಾರ್ದು ಅಂತ ಹಾಕ್ದೆ ಅತ್ತೆ."

ಅಂಥ ಬಿಸಿಲಲ್ಲೂ ಯಾಮಿನಿ ಮುಂಗೈ ಮುಚ್ಚುವಷ್ಟು ಉದ್ದ ತೋಳಿನ ಅಂಗಿ ತೊಟ್ಟಿದ್ದಳು. ಅಲಮೇಲಮ್ಮ ಅದನ್ನು ಕೇಳಲಿಲ್ಲ. ಪುಳಿಯೋಗರೆ ಬಡಿಸಿದಾಗ ಮಾತ್ರ "ಮೊದಲು ನೀನು ತಿನ್ನು" ಎಂದಳು. ಸೊಸೆ ತುತ್ತು ನುಂಗುವುದನ್ನು ನೋಡಿಯೇ ತನ್ನ ತಟ್ಟೆಗೆ ಕೈಯಿಟ್ಟಳು.

ಎದುರಿಗೆ ಸೇತುವೆ. ಡಾಂಬರೆಣ್ಣೆ ಕುಡಿದು ಕಪ್ಪಾದ ದಿಮ್ಮಿಗಳ ಕಾಲುಗಳು, ಮೇಲೆ ಬಿಸಿಲಿಗೆ ಬೂದಿ ಬಣ್ಣಕ್ಕೆ ತಿರುಗಿದ ಹಲಗೆಗಳು. ಕೆಳಗೆ ಹನಿ ನೀರಿಲ್ಲ. ತಾಳೆಮರದಷ್ಟು ಆಳದಲ್ಲಿ ಬರೀ ಬಂಡೆ. ಬಾಯಿಗೆ ಅಡ್ಡ ಒಂದು ಸರಪಳಿ. ಸರಪಳಿಯ ನಡುವೆ ಎರಡು ಖಾಲಿ ಕೊಕ್ಕೆಗಳು ಗಾಳಿಗೆ ಟಿಣ್ ಟಿಣ್ ಎನ್ನುತ್ತಿದ್ದವು.

"ಅಡ್ಡ ಕಟ್ಟಿದಾರಲ್ಲೋ ಮಗನೇ?"

"ಅದು ಕಾರಿಗೆ ಅಮ್ಮಾ, ಮನುಷ್ಯರಿಗಲ್ಲ. ಡೇಂಜರ್ ಇದ್ರೆ ಬೋರ್ಡ್ ಹಾಕಿರ್ತಾರೆ. ಇದು ಅಮೇರಿಕಾ." ಲಕ್ಷ್ಮೀಕಾಂತ ಸರಪಳಿ ದಾಟಿ ನಿಂತ. "ಬಾ, ಮಧ್ಯದಲ್ಲಿ ನಿಲ್ಲಿಸಿ ಒಂದು ಫೋಟೋ ತೆಗೀತೀನಿ."

ಬಂತು ಆ ಗಳಿಗೆ. ಅಲಮೇಲಮ್ಮ ಜಮಖಾನವನ್ನು ಎರಡೂ ಕೈಯಲ್ಲಿ ಹಿಡಿದುಕೊಂಡಳು.

"ನಾನು ಕಾಲಿಡಲ್ಲಪ್ಪ. ಬೇಕಾದ್ರೆ ನೀನು ಹೋಗು. ನಾನು ಇಲ್ಲಿಂದಲೇ ನೋಡ್ತೀನಿ."

ಸೊಸೆ ಒತ್ತಾಯಿಸುತ್ತಾಳೆಂದು ಕಾದಳು. ಯಾಮಿನಿ ಒತ್ತಾಯಿಸಲಿಲ್ಲ. "ಹೌದು ರೀ, ಅತ್ತೆ ಇಲ್ಲೇ ಇರ್ಲಿ. ಇಲ್ಲಿಂದ ಚೆನ್ನಾಗಿ ಕಾಣತ್ತೆ" ಎಂದು ಪಕ್ಕದಲ್ಲಿ ಬಂದು ಕೂತಳು.

ಗೆದ್ದೆ ಎಂದುಕೊಂಡಳು ಅಲಮೇಲಮ್ಮ. ಹಾವೂ ಸತ್ತಿತು, ಕೋಲೂ ಮುರಿಯಲಿಲ್ಲ. ಬೆನ್ನು ಇವಳಿಗೆ ಕೊಡದೆ ಕೂತರಾಯಿತು.

ಲಕ್ಷ್ಮೀಕಾಂತ ಕ್ಯಾಮೆರಾಕ್ಕೆ ಕಣ್ಣು ಅಂಟಿಸಿಕೊಂಡೇ ನಡೆದ. ಹಲಗೆಗಳು ಮುಲುಗಿದವು. ಯಾಮಿನಿ ಕೈ ಕಟ್ಟಿ, ತುಟಿ ಬಿಗಿದು ನೋಡುತ್ತಿದ್ದಳು. ಒಂದು "ರೀ" ಇಲ್ಲ, ಒಂದು "ಹುಷಾರು" ಇಲ್ಲ. ಅಂತೂ ಕಲಿತಳಲ್ಲ ಎಂದು ಅಲಮೇಲಮ್ಮನಿಗೆ ಒಳಗೊಳಗೇ ಹಿತವಾಯಿತು.

ಆಗ ಗಾಳಿ ರೊಯ್ಯನೆ ಬೀಸಿತು. ಜಮಖಾನದ ಅಂಚು ಮಗುಚಿಕೊಂಡಿತು. ಅಡಿಯಲ್ಲಿ ಹಳದಿ ತಗಡು. ಮೇಲಂಚಿನಲ್ಲಿ ಕೊಕ್ಕೆಗೆ ಸಿಗಿಸುವ ಎರಡು ತೂತು. ಇಂಗ್ಲಿಷ್ ಓದಲು ಬಾರದಿದ್ದರೇನು, ಚಿತ್ರ ತಿಳಿಯದೆ? ನಡುವೆ ಮುರಿದ ಹಲಗೆ. ತಲೆಕೆಳಗಾಗಿ ಬೀಳುತ್ತಿರುವ ಮನುಷ್ಯ.

ಮಗ ಸೇತುವೆಯ ನಡುವನ್ನು ಸಮೀಪಿಸಿದ್ದ. ಅಲಮೇಲಮ್ಮ ಎದೆಯ ತುಂಬ ಉಸಿರೆಳೆದು ಬಾಯಿ ತೆರೆದಳು.

ತೆರೆದ ಬಾಯಿಯ ಮೇಲೆ ಅಂಗೈಯೊಂದು ಬಂದು ಕೂತಿತು. ಉದ್ದ ತೋಳು ಮೇಲೆ ಜಾರಿ, ಮುಂಗೈಯ ಸುತ್ತ ಮಗನ ಬೆರಳುಗಳ ನೀಲಿ ಬರೆ ಆಕೆಯ ಕಣ್ಣೆದುರೇ ನಿಂತಿತು.

"ಶ್‌… ಹೊರಟವರನ್ನ ಹಿಂದಿನಿಂದ ಕೂಗಬಾರದು, ಅತ್ತೆ."