ಬೇರೆ ಮೇಜು

ಗುಲಾಬಿ ಭಟ್ಟಿ ಇಳಿಸಿದ ಮದ್ಯ ಕುಡಿದವರಿಗೆ ಕಣ್ಣು ತುಂಬಿ ಬರುತ್ತಿತ್ತು. ಭಟ್ಟಿಯ ಮುಂದೆ ನಿಂತವರ ಮನಸ್ಸು ಮದ್ಯಕ್ಕೂ ಇಳಿಯುವ ಕಾಲ ಅದು; ಯಾರೂ ಬೆರಗಾಗುತ್ತಿರಲಿಲ್ಲ. ಗಂಡಸರು ಹರಟುತ್ತ ಇಳಿಸಿದ್ದನ್ನು ಕುಡಿದರೆ ನಗು ಬರುತ್ತಿತ್ತು. ಅದು ಅಗ್ಗದ ಮಾಲು. ಗಿರಾಕಿಗಳು ಮುಗಿಬೀಳುತ್ತಿದ್ದುದು ಗುಲಾಬಿಯ ಒಂಟಿತನಕ್ಕೆ.

ಆ ಕಾರ್ಖಾನೆಯ ಭಟ್ಟಿಗೆ ಬಂದ ಮೊದಲ ಹೆಂಗಸು ಅವಳು. ಸೀಸೆಯ ಮೇಲೆ ಅವಳದೇ ಮುಖ, ಕೆಳಗೆ 'ನಮ್ಮಲ್ಲಿ ಎಲ್ಲರಿಗೂ ಜಾಗ' ಎಂಬ ಸಾಲು. ಊಟಕ್ಕೆ ಮಾತ್ರ ಅವಳಿಗೆ ಬೇರೆ ಮೇಜು, ಒಂದೇ ಕುರ್ಚಿ.

ಹೊಸದಾಗಿ ಸೇರಿದ ಪ್ರೆಸಿಲ್ಲಾ ಇನ್ನೊಂದು ಕುರ್ಚಿ ಎಳೆದು ತಂದು ಎದುರು ಕೂತಳು. "ಅಕ್ಕ, ಬಂಗುಡೆ ಸಾರು ಉಂಟು, ಹಾಕ್ಲಾ?" ಎನ್ನುವಷ್ಟರಲ್ಲಿ ಬಡಿಸಿಯೂ ಆಗಿತ್ತು.

ವಾರ ಕಳೆಯುವುದರೊಳಗೆ, ರುಚಿ ನೋಡುವ ವಾಮನ ರಾಯರು ಲೋಟ ಕೆಳಗಿಟ್ಟರು. "ಏನಮ್ಮ ಗುಲಾಬಿ, ಕಣ್ಣಲ್ಲಿ ನೀರೇ ಬರ್ಲಿಲ್ಲ. ಇದನ್ನು ಯಾರು ತಗೊಳ್ತಾರೆ?"

ಮರುದಿನ ಎದುರಿನ ಕುರ್ಚಿ ಇರಲಿಲ್ಲ.

"ಪ್ರೆಸಿಲ್ಲಾ ಎಲ್ಲಿ ಸಾರ್?"

"ಅವಳಿಗೂ ಆಚೆ ಕಟ್ಟಡದಲ್ಲಿ ಬೇರೆ ಭಟ್ಟಿ, ಬೇರೆ ಮೇಜು ಕೊಟ್ಟಿದ್ದೇವೆ. ಹೆಂಗಸರಿಗೆ ನಾವು ಏನೂ ಕಮ್ಮಿ ಮಾಡುದಿಲ್ಲ ಮಾರಾಯ್ತಿ," ಎಂದರು ರಾಯರು, ಹೆಮ್ಮೆಯಿಂದಲೇ.

ಗುಲಾಬಿಯ ಮದ್ಯ ಮತ್ತೆ ಕಣ್ಣು ತುಂಬಿಸತೊಡಗಿತು.

ಮಳೆಗಾಲ ಮುಗಿದ ಮೇಲೆ ಒಂದು ಸಂಜೆ, ಬಸ್ಸಿಗೆ ಹೋಗುವ ದಾರಿಯ ಅಂಗಡಿಯಲ್ಲಿ ಅವಳಿಗೆ ತನ್ನ ಸೀಸೆಯ ಪಕ್ಕ ಪ್ರೆಸಿಲ್ಲಾಳ ಮುಖವಿದ್ದ ಸೀಸೆ ಕಂಡಿತು. ಎರಡೂ ಮುಖಗಳು ರಸ್ತೆಯ ಕಡೆ ನೋಡುತ್ತಿದ್ದವು. ಗುಲಾಬಿ ಒಳಗೆ ಹೋಗಿ, ಅವನ್ನು ಎದುರುಬದುರಾಗಿ ತಿರುಗಿಸಿಟ್ಟು, ಏನೂ ಕೊಳ್ಳದೆ ಹೊರಬಂದಳು.