ಬಲಗಾಲು

ವರ್ಗಾವಣೆ ತಕರಾರನ್ನು ನಮ್ಮ ನ್ಯಾಯಮಂಡಳಿ ದೊಣ್ಣೆಯಲ್ಲೇ ತೀರಿಸುತ್ತದೆ. ಗೆದ್ದವನು ಊರಲ್ಲೇ ಉಳಿಯುತ್ತಾನೆ, ಸೋತವನು ಗಡಿ ತಾಲ್ಲೂಕಿಗೆ ಹೋಗುತ್ತಾನೆ.

ನನ್ನೆದುರು ನಿಂತವರು ಊರಲ್ಲಿ ನನ್ನ ಕುರ್ಚಿಯನ್ನೇ ಬಯಸಿದ್ದ ಸರ್ವೆಯರ್ ತಿಪ್ಪೇರುದ್ರಪ್ಪ. ನನ್ನ ಮೊದಲ ಏಟಿಗೇ ಅವರ ಹಲ್ಲು ಉದುರಿದವು. ಅವರ ಏಟಿಗೆ ನನ್ನ ಕಿವಿ ಹರಿಯಿತು. ಆಮೇಲೆ ಅವರು ದೊಣ್ಣೆ ಕೆಳಗಿಟ್ಟು, ಬಲಗಾಲು ಚಾಚಿ ಕೂತರು. ಸಿಟ್ಟಿನಲ್ಲಿದ್ದ ನಾನು ಆ ಮೊಣಕಾಲು ಪುಡಿಯಾಗುವವರೆಗೂ ಬಡಿದೆ.

“ಗೆದ್ದಿರಿ,” ಎಂದರು ನ್ಯಾಯಾಧೀಶರು, ಫೈಲಿನಿಂದ ತಲೆ ಎತ್ತದೆ.

ತಿಪ್ಪೇರುದ್ರಪ್ಪ ರಕ್ತ ಉಗುಳಿ ಜೇಬಿನಿಂದ ಅರ್ಜಿ ತೆಗೆದರು. “ಅಂಗವಿಕಲರನ್ನ ವರ್ಗ ಮಾಡೋ ಹಾಗಿಲ್ಲ ಸ್ವಾಮಿ. ನಿನ್ನೆಯೇ ಟೈಪ್ ಮಾಡಿಸಿಟ್ಟಿದ್ದೆ.”

ನ್ಯಾಯಾಧೀಶರು ಓದಿ ಸಹಿ ಹಾಕಿದರು. ಆಮೇಲೆ ನನ್ನ ಕಾಲು ನೋಡಿದರು. “ನೀವು ಗಟ್ಟಿಮುಟ್ಟಾಗಿದ್ದೀರಿ. ಗಡಿ ತಾಲ್ಲೂಕಿಗೆ ನೀವೇ ಹೊರಡಿ.”

ನಾನು ದೊಣ್ಣೆಯನ್ನು ಜವಾನರ ಕೈಗಿಟ್ಟು ಬಲಗಾಲು ಚಾಚಿ ಕೂತೆ.