ಮುಚ್ಚಳದ ಪಾಳಿ

ಚಮಚ ಒತ್ತಿದ್ದೇ ತಡ, ಆಲೂಗಡ್ಡೆ ಒಡೆಯುವ ಬದಲು ಚಂಗನೆ ಜಿಗಿದು, ಅಪ್ಪನ ಜೊತೆ ಊಟಕ್ಕೆ ಕೂತಿದ್ದ ಮಗನ ತಟ್ಟೆಯಿಂದಾಚೆ ಬಿತ್ತು. ದಿನವಿಡೀ ಸಣ್ಣ ಕಾವಿನಲ್ಲಿ ಬೇಯಿಸುವ ಕರೆಂಟಿನ ಸ್ಲೋ ಕುಕ್ಕರಿಗೆ ಬೆಳಿಗ್ಗೆ ಒಂಬತ್ತಕ್ಕೆ ಬಿದ್ದ ಆಲೂಗಡ್ಡೆ ಅದು. ಈಗ ಸಂಜೆ ಏಳು. ಮಗ ಅದನ್ನು ಎತ್ತಿ ತಟ್ಟೆಗೆ ಹಾಕಿಕೊಂಡು ಹೆಂಡತಿಯ ಮುಖ ನೋಡಿದ.

"ಇದು ಹತ್ತು ಗಂಟೆ ಬೆಂದಿದ್ದಾ?"

"ಸ್ವಿಚ್ ನಾನೇ ಹಾಕಿ ಹೋಗಿದ್ದೆ," ಎಂದಳು ಅವಳು. ಬಸ್ಸು ಓಡಿಸಿ ಬಂದವಳು ಇನ್ನೂ ಖಾಕಿ ಅಂಗಿ ಬಿಚ್ಚಿರಲಿಲ್ಲ. ಸಾಸೇಜನ್ನು ಹುರಿದು, ಈರುಳ್ಳಿ, ಕ್ಯಾರೆಟ್ ಹೆಚ್ಚಿ, ಎಲ್ಲ ಅಳತೆ ಪ್ರಕಾರವೇ ಮಾಡಿದ್ದಳು. ಎದುರಿಗೆ ಕೂತ ಮಾವ ಮಾತ್ರ ಗಟ್ಟಿ ಆಲೂಗಡ್ಡೆಯನ್ನು ಕಟಕಟ ಅಗಿಯುತ್ತಾ, "ರುಚಿಗೇನೂ ಕಮ್ಮಿ ಇಲ್ಲ," ಎಂದರು.

ಅವಳಿಗೆ ಅಳುವೇ ಬಂತು. ಇವತ್ತಿನ ಸ್ಟ್ಯೂ ಬರೀ ಊಟವಾಗಿರಲಿಲ್ಲ. ಮಂಡಿ ಆಪರೇಷನ್ ಆದ ಮೇಲೆ ಎರಡು ತಿಂಗಳಿಗೆಂದು ಬಂದಿದ್ದ ಮಾವ, ಗಡುವು ಮುಗಿಯಿತೆಂದು ಚೀಲ ಕಟ್ಟಿ ಬಾಗಿಲ ಬಳಿ ಇಟ್ಟಿದ್ದರು. ನಾಳೆ ಬೆಳಗಿನ ರೈಲು. ಹೋಗುವುದಾದರೂ ಎಲ್ಲಿಗೆ? ಮೂರನೇ ಮಹಡಿಯ ಒಂಟಿ ಬಾಡಿಗೆ ಕೋಣೆಗೆ. ಹೋಗಬೇಡಿ ಎನ್ನಲು ಅವಳು ಎರಡು ಸಲ ಬಾಯಿ ತೆರೆದಿದ್ದಳು. ಎರಡು ಸಲವೂ ಅವರು "ದಂಡಪಿಂಡದ ಹಾಗೆ ಎಷ್ಟು ದಿನ ಅಂತ ಕೂತಿರ್ಲಮ್ಮ" ಎಂದು ನಕ್ಕು ಮಾತು ಹಾರಿಸಿದ್ದರು. ಬಿಸಿಬಿಸಿ ಬಡಿಸಿ, ಮೂರನೆಯ ಸಲ ಕೇಳಿಯೇ ಬಿಡೋಣ ಎಂದುಕೊಂಡಿದ್ದಳು.

ಅವರು ಸುಖವಾಗಿರಲೆಂದು ಅವಳು ಈ ಎರಡು ತಿಂಗಳು ಒಂದು ಹುಲ್ಲುಕಡ್ಡಿ ಎತ್ತಿಡಲೂ ಬಿಟ್ಟಿರಲಿಲ್ಲ. ಸ್ಲೋ ಕುಕ್ಕರ್ ಕೊಂಡದ್ದೂ ಅದಕ್ಕೇ. "ನೀವೇನೂ ಮಾಡೋದು ಬೇಡ ಮಾವ. ಅದರ ಪಾಡಿಗೆ ಅದು ಬೇಯತ್ತೆ, ನಿಮ್ಮ ಪಾಡಿಗೆ ನೀವು ಆರಾಮಾಗಿರಿ," ಎಂದು ಹೇಳಿಯೇ ಬೆಳಿಗ್ಗೆ ಡ್ಯೂಟಿಗೆ ಹೋಗಿದ್ದಳು. ಕಾರ್ಖಾನೆಯ ಬಾಯ್ಲರ್ ಮುಂದೆ ನಲವತ್ತು ವರ್ಷ ನಿಂತ ಮನುಷ್ಯನಿಗೆ ಆರಾಮಾಗಿರಿ ಎನ್ನುವುದು ಬೈಗುಳಕ್ಕೆ ಸಮ ಎಂದು ಪಾಪ ಅವಳಿಗೆ ಹೊಳೆದಿರಲಿಲ್ಲ.

"ಮಾವ, ನೀವೇನಾದ್ರೂ ಮುಚ್ಚಳ ತೆಗೆದ್ರಾ?"

"ತೆಗೀದೆ ಒಳಗೇನಾಗ್ತಿದೆ ಅಂತ ಹೇಗಮ್ಮ ಗೊತ್ತಾಗೋದು? ಕಾಯಿಸೋಕಿಟ್ಟು ಯಾರಾದ್ರೂ ಹಾಗೇ ಬಿಟ್ಟು ಹೋಗ್ತಾರಾ?" ಮಾವ ಕಿಟಕಿಯ ಮೇಲಿದ್ದ ನೋಟ್ ಪುಸ್ತಕವನ್ನು ತಂದು ಅವಳ ಮುಂದಿಟ್ಟರು. ಮುಖದಲ್ಲಿ ಎರಡು ತಿಂಗಳಿಂದ ಕಾಣದ ಕಳೆಯಿತ್ತು. "ಅರ್ಧ ಗಂಟೆಗೊಂದ್ಸಲ ನೋಡಿ ಬರ್ದಿದೀನಿ. ಒಂದೂ ತಪ್ಪಿಲ್ಲ."

ಪುಟದ ತುಂಬ ಸ್ಕೇಲಿನಿಂದ ಗೆರೆ ಎಳೆದಿತ್ತು. ಒಂಬತ್ತೂವರೆ: ಕುದಿ ಇಲ್ಲ. ಹತ್ತು: ಕುದಿ ಇಲ್ಲ. ಹನ್ನೊಂದೂವರೆ: ಸಾಸೇಜು ತೇಲುತ್ತಿದೆ, ಕುದಿ ಇಲ್ಲ. ಒಂದೂವರೆ: ಬದಲಿ ಆಳಿಲ್ಲದ ಕಾರಣ ಊಟಕ್ಕೆ ಏಳಲಿಲ್ಲ. ಮೂರು: ಮಂಡಿ ನೋವು, ಆದರೂ ಹಾಜರ್. ಹೀಗೆ ಸಂಜೆ ಆರೂವರೆಯವರೆಗೆ ಒಟ್ಟು ಹತ್ತೊಂಬತ್ತು ಸಾಲು.

ಮಗ ಹೊಟ್ಟೆ ಹಿಡಿದುಕೊಂಡು ನಕ್ಕ. "ಅಪ್ಪ, ಮುಚ್ಚಳ ತೆಗೆದಾಗೆಲ್ಲ ಒಳಗಿನ ಆವಿ ಹೊರಟೋಗತ್ತೆ. ಹತ್ತೊಂಬತ್ತು ಸಲ ತೆಗೆದ್ರೆ ಅದು ಬೇಯೋದು ಯಾವಾಗ?"

ಮಾವ ಕುಕ್ಕರನ್ನೊಮ್ಮೆ, ಮುಚ್ಚಳವನ್ನೊಮ್ಮೆ ನೋಡಿದರು. ಮುಖದ ಕಳೆ ಇಳಿದುಹೋಯಿತು. "ಜೀವಮಾನ ಎಲ್ಲ ಆವಿ ಕಾದವನು," ಎಂದರು ಮೆಲ್ಲಗೆ, "ಕೊನೆಗೆ ಆವೀನೇ ಕೈಯಾರೆ ಬಿಟ್ಟೆ. ಇದಕ್ಕೇ ಕಣಮ್ಮ ನಾನು ಹೋಗ್ತೀನಿ ಅನ್ನೋದು. ನನ್ನಿಂದ ಈಗ ಉಪಕಾರಕ್ಕಿಂತ ಉಪದ್ರವ ಜಾಸ್ತಿ."

ಮಗನ ನಗು ಅಲ್ಲಿಗೇ ನಿಂತಿತು. ಸೊಸೆ ತಲೆ ಎತ್ತಲಿಲ್ಲ. ಊಟಕ್ಕೆ ಏಳಲಿಲ್ಲ ಎಂಬ ಸಾಲನ್ನೇ ಮತ್ತೆ ಓದುತ್ತಿದ್ದಳು. ಅವಳಿಗೆ ತನ್ನ ಮೇಲೆಯೇ ಕೋಪ ಬಂದಿತ್ತು. ಇಷ್ಟು ಕೆಲಸದ ಆಸೆಯಿದ್ದವರನ್ನು ತಾನು ಅತಿಥಿಯ ಹಾಗೆ ಕೂರಿಸಿ ಇಟ್ಟಿದ್ದೆನಲ್ಲ ಎನಿಸಿತು. ಪುಟದ ಕೆಳಗೆ ಎರಡು ಖಾನೆಗಳಿದ್ದವು. ಪಾಳಿ ಒಪ್ಪಿಸಿದವರು ಎಂಬಲ್ಲಿ ಮಾವನ ಸಹಿ ಇತ್ತು. ಪಾಳಿ ವಹಿಸಿಕೊಂಡವರು ಎಂಬಲ್ಲಿ ಖಾಲಿ.

"ಇಲ್ಲಿ ಯಾರು ಸಹಿ ಹಾಕ್ಬೇಕು ಮಾವ?"

"ನೀನೇ. ಕೆಲಸದಿಂದ ಬಂದ ತಕ್ಷಣ ಹಾಕಿಸ್ಕೋಬೇಕಿತ್ತು, ಮರ್ತೆ." ಅವರು ಜೇಬಿನಿಂದ ಪೆನ್ನು ತೆಗೆದು ಅವಳಿಗೆ ಕೊಟ್ಟರು.

"ಹಾಕ್ದಿದ್ರೆ?"

"ಬದಲಿಯವರು ಸಹಿ ಹಾಕೋ ತನಕ ಪಾಳಿಯವನು ಜಾಗ ಬಿಡೋ ಹಾಗಿಲ್ಲ. ಎಷ್ಟು ದಿನ ಆದ್ರೂ ಸರಿ. ನಲವತ್ತು ವರ್ಷದಲ್ಲಿ ನಾನು ಒಂದ್ಸಲಾನೂ ಬಿಟ್ಟಿಲ್ಲ."

ಅವಳು ಪೆನ್ನಿನ ಮುಚ್ಚಳ ಹಾಕಿ ಅದನ್ನು ತನ್ನ ಖಾಕಿ ಜೇಬಿಗೆ ಸಿಕ್ಕಿಸಿಕೊಂಡಳು.

"ಹಾಗಾದ್ರೆ ನಾನು ಸಹಿ ಹಾಕಲ್ಲ ಮಾವ."

ಮೂವರ ತಟ್ಟೆಯಲ್ಲಿದ್ದುದನ್ನೂ ಸೊಸೆ ಮತ್ತೆ ಕುಕ್ಕರಿಗೆ ಸುರಿದು ಸ್ವಿಚ್ ಒತ್ತಿದಳು. ಮಾವ ಎದ್ದು ಹೋಗಿ ಮುಚ್ಚಳವನ್ನು ತಾವೇ ಜೋಪಾನವಾಗಿ ಮುಚ್ಚಿ, ಅದರ ಮೇಲೆ ಅಂಗೈ ಇಟ್ಟುಕೊಂಡು ಒಂದಷ್ಟು ಹೊತ್ತು ನಿಂತರು. ಆಮೇಲೆ ಬಾಗಿಲ ಬಳಿಯ ಚೀಲದತ್ತ ಬೆರಳು ತೋರಿಸಿ ಮಗನಿಗೆ ಹೇಳಿದರು:

"ಅದ್ರಲ್ಲಿ ನನ್ನ ಮನೆ ಚಪ್ಪಲಿ ಇದೆ, ತೆಗ್ದುಕೊಡು. ಪಾಳಿ ಉದ್ದ ಇರೋ ಹಾಗಿದೆ."